ಸೈಡರ್‌ಗೆ ವಿಸ್ಕಿ ಬೆರೆಸುವಾಗ ಜೇನಿನ ಬಾಟಲಿ ದೂರವಿರಲಿ

ಪ್ರಶ್ನೆ: ನಾವಿರುವುದು ಬಾಸ್ಟನ್ ಹತ್ತಿರ. ಪ್ರತಿ ಅಕ್ಟೋಬರ್‌ನಲ್ಲಿ ಸೇಬು ಕೀಳಲು ತೋಟಕ್ಕೆ ಹೋದಾಗ ಒಂದು ಗ್ಯಾಲನ್ ಸೈಡರ್ (ಸೇಬು ಹಿಂಡಿದ ರಸ) ತರುತ್ತೇವೆ. ಒಂದು ಕಪ್ ಸೈಡರ್‌ಗೆ ಬರ್ಬನ್ ವಿಸ್ಕಿ, ಒಂದು ದೊಡ್ಡ ಚಮಚ ಜೇನು, ಮೇಲೆ ಚಿಟಿಕೆ ಚಕ್ಕೆಪುಡಿ ಹಾಕಿ ಕಾಕ್‌ಟೇಲ್ ಮಾಡುತ್ತೇವೆ. ವಿಸ್ಕಿ ಕಡಿಮೆಯಾದರೆ ಬರೀ ಜ್ಯೂಸ್ ಕುಡಿದಂತಿರುತ್ತದೆ, ಜಾಸ್ತಿಯಾದರೆ ಘಾಟು. ಹೇಗೆ ಮಾಡಿದರೂ ಸೇಬಿನ ರುಚಿ ಎದ್ದು ಬರುವುದಿಲ್ಲ. ಈ ಸಲ ಹನ್ನೆರಡು ಜನ ಊಟಕ್ಕೆ ಬರುತ್ತಿದ್ದಾರೆ. ಅವರಲ್ಲಿ ನಾಲ್ವರು ಕುಡಿಯುವುದಿಲ್ಲ, ಜೊತೆಗೆ ಮಕ್ಕಳೂ ಇರುತ್ತಾರೆ. ಯಾವ ವಿಸ್ಕಿ ತರಬೇಕು, ಸೈಡರ್ ಎಷ್ಟಿರಬೇಕು, ಬಿಸಿ ಕೊಡಬೇಕೋ ತಣ್ಣಗೆ ಕೊಡಬೇಕೋ ತಿಳಿಸಿ.

ಉತ್ತರ: ನಿಮ್ಮ ವಿಸ್ಕಿಯಲ್ಲಿ ದೋಷವಿಲ್ಲ. ತೊಂದರೆ ಇರುವುದು ಜೇನಿನಲ್ಲಿ ಮತ್ತು ಸೈಡರ್‌ನ ಅಳತೆಯಲ್ಲಿ. 240 ಮಿಲಿಯ ಒಂದು ಕಪ್ ಸೈಡರ್‌ನಲ್ಲಿ ಹಣ್ಣಿನದ್ದೇ ಆದ ಸಕ್ಕರೆ ಸುಮಾರು 25 ಗ್ರಾಂ ಇರುತ್ತದೆ. ಒಂದು ದೊಡ್ಡ ಚಮಚ ಜೇನು ಎಂದರೆ ಅದರ ಮೇಲೆ ಇನ್ನೊಂದು 17 ಗ್ರಾಂ. ಒಂದು ಲೋಟದಲ್ಲಿ ಸಕ್ಕರೆಯೇ 40 ಗ್ರಾಂ ದಾಟಿತು. ಇದಕ್ಕೆ ಎದುರು ನಿಲ್ಲಬೇಕಾದ ಹುಳಿ ಮಾತ್ರ ತೀರಾ ಕಡಿಮೆ. ಸೈಡರ್‌ನಲ್ಲಿ ಮ್ಯಾಲಿಕ್ ಆಮ್ಲ ಇರುವುದು ನೂರಕ್ಕೆ ಅರ್ಧ ಪಾಲಿನಷ್ಟು. ಹಣ್ಣನ್ನು ಕಚ್ಚಿದಾಗ ಇದು ಸೇಬು ಎಂದು ನಾಲಿಗೆಗೆ ಗೊತ್ತಾಗುವುದು ಆ ಹುಳಿಯಿಂದ ಮತ್ತು ಸಿಪ್ಪೆಯ ಸಣ್ಣ ಒಗರಿನಿಂದ. ನೀವು ಅವೆರಡನ್ನೂ ಸಿಹಿಯ ಕೆಳಗೆ ಹೂತುಬಿಟ್ಟಿದ್ದೀರಿ. ಅದಾದ ಮೇಲೆ ವಿಸ್ಕಿ ಎಷ್ಟು ಸುರಿದರೂ ಘಾಟು ಹೆಚ್ಚುತ್ತದೆಯೇ ಹೊರತು ರುಚಿ ಏಳುವುದಿಲ್ಲ.

ಆದ್ದರಿಂದ ನನ್ನ ಸಲಹೆಯ ತಿರುಳು ಇಷ್ಟು: ಸೇಬಿನ ರುಚಿ ಹೆಚ್ಚಬೇಕಾದರೆ ಸಿಹಿ ಸೇರಿಸಬೇಡಿ, ಸೈಡರ್‌ನಲ್ಲಿರುವ ನೀರು ತೆಗೆಯಿರಿ. ಒಂದು ಪಾಲು ಸೈಡರನ್ನು ಒಲೆಯ ಮೇಲೆ ಬತ್ತಿಸಿಕೊಂಡು ಜೇನಿನ ಜಾಗದಲ್ಲಿ ಅದನ್ನು ಬಳಸಿ. ಹುಳಿಗೆ ನಿಂಬೆರಸ, ಬಲಕ್ಕೆ ಶೇ. 50 ಮದ್ಯಾಂಶದ ವಿಸ್ಕಿ. ಇಷ್ಟಾದರೆ ಉಳಿದದ್ದೆಲ್ಲ ಸಣ್ಣಪುಟ್ಟ ವಿಷಯ.

ಮೊದಲು ಸೈಡರ್ ವಿಚಾರ. ಅಮೆರಿಕದಲ್ಲಿ ಸೈಡರ್ ಎಂದರೆ ಸೇಬನ್ನು ಅರೆದು, ಹಿಂಡಿ, ತಿಳಿಗೊಳಿಸದೆ ಬಿಟ್ಟ ರಸ. ಮದ್ಯಾಂಶ ಇರುವುದಿಲ್ಲ. ಹುದುಗಿಸಿದ್ದನ್ನು ಹಾರ್ಡ್ ಸೈಡರ್ ಎಂದು ಬೇರೆಯಾಗಿ ಮಾರುತ್ತಾರೆ. ಇಂಗ್ಲೆಂಡಿನಲ್ಲಿರುವ ಓದುಗರು ಅಂಗಡಿಯಲ್ಲಿ ಸೈಡರ್ ಕೇಳಿದರೆ ಹುದುಗಿಸಿದ್ದೇ ಕೈಗೆ ಬರುತ್ತದೆ. ಅಲ್ಲಿ ನೀವು ಕೇಳಬೇಕಾದದ್ದು ಕ್ಲೌಡಿ ಆಪಲ್ ಜ್ಯೂಸ್.

ತೋಟದ ಅಂಗಡಿಯಲ್ಲಿ ಎಲ್ಲ ಸೈಡರ್ ಕ್ಯಾನ್‌ಗಳೂ ಒಂದೇ ಥರ ಕಂಡರೂ ಒಳಗಿನ ರುಚಿ ತಿಂಗಳಿಂದ ತಿಂಗಳಿಗೆ ಬದಲಾಗುತ್ತದೆ. ಸೆಪ್ಟೆಂಬರ್‌ನ ಸೈಡರ್‌ನಲ್ಲಿ ಮ್ಯಾಕಿಂಟಾಶ್‌ನಂಥ ಬೇಗ ಮಾಗುವ ಹಣ್ಣುಗಳೇ ಹೆಚ್ಚು. ಹಾಗಾಗಿ ಅದು ತೆಳು, ಹುಳಿ ಮುಂದು. ಅಕ್ಟೋಬರ್ ಕೊನೆಯ ಹೊತ್ತಿಗೆ ತಡವಾಗಿ ಮಾಗುವ ತಳಿಗಳೂ ಸೇರಿ ರಸಕ್ಕೆ ಮೈ ಬರುತ್ತದೆ, ಸಿಹಿಯೂ ಏರುತ್ತದೆ. ಯಾವ ಯಾವ ಹಣ್ಣು ಹಾಕಿ ಹಿಂಡಿದ್ದೀರಿ ಎಂದು ಕೌಂಟರ್‌ನಲ್ಲಿ ಕೇಳಿ. ಸಂತೋಷದಿಂದಲೇ ಹೇಳುತ್ತಾರೆ. ನಾರ್ದರ್ನ್ ಸ್ಪೈ ಅಥವಾ ರಾಕ್ಸ್‌ಬರಿ ರಸೆಟ್ ಸೇರಿದೆ ಎಂದರೆ ಎರಡು ಯೋಚನೆ ಬೇಡ, ತೆಗೆದುಕೊಳ್ಳಿ. ರಾಕ್ಸ್‌ಬರಿ ರಸೆಟ್ ನಿಮ್ಮ ಊರಿನದ್ದೇ ಹಣ್ಣು. ಈಗ ಬಾಸ್ಟನ್‌ನ ಒಂದು ಭಾಗವಾಗಿರುವ ರಾಕ್ಸ್‌ಬರಿಯಲ್ಲಿ 17ನೇ ಶತಮಾನದಲ್ಲಿ ಹುಟ್ಟಿದ ತಳಿ, ಅಮೆರಿಕದ ಅತ್ಯಂತ ಹಳೆಯ ಸೇಬುಗಳಲ್ಲಿ ಒಂದು. ಸಿಪ್ಪೆ ಒರಟು, ಕಂದು, ನೋಟಕ್ಕೆ ಏನೂ ಅಲ್ಲ. ರಸ ಮಾತ್ರ ಸಿಹಿಯಲ್ಲೂ ಗಟ್ಟಿ, ಹುಳಿಯಲ್ಲೂ ಗಟ್ಟಿ. ಬರೀ ಹನಿಕ್ರಿಸ್ಪ್‌ನಿಂದ ಹಿಂಡಿದ ಸೈಡರ್ ದುಬಾರಿಯಾಗಿರುತ್ತದೆ, ಹಾಗೇ ಕುಡಿಯಲು ಹಿತವಾಗಿರುತ್ತದೆ. ಕಾಕ್‌ಟೇಲ್‌ಗೆ ಮಾತ್ರ ನಾನು ಅದನ್ನು ಆರಿಸುವುದಿಲ್ಲ, ಸಿಹಿಯೊಂದೇ ಮುಂದೆ ನಿಲ್ಲುತ್ತದೆ.

ಮನೆಗೆ ಮಕ್ಕಳು ಬರುತ್ತಿರುವುದರಿಂದ ಇದೊಂದನ್ನು ಮರೆಯದೆ ನೋಡಿ. ಕ್ಯಾನ್ ಮೇಲೆ ಪಾಶ್ಚರೀಕರಿಸಿದ್ದು ಅಥವಾ ಯುವಿ ಬೆಳಕಿನಲ್ಲಿ ಸಂಸ್ಕರಿಸಿದ್ದು ಎಂದು ಬರೆದಿರಬೇಕು. 1996ರಲ್ಲಿ ಅಮೆರಿಕದ ಪಶ್ಚಿಮ ರಾಜ್ಯಗಳಲ್ಲಿ ಪಾಶ್ಚರೀಕರಿಸದ ಸೇಬಿನ ರಸದಿಂದ ಇ. ಕೋಲಿ ಸೋಂಕು ಹರಡಿ ಒಂದು ಮಗು ತೀರಿಕೊಂಡಿತು. ಅದರ ನಂತರವೇ, 1998ರಲ್ಲಿ, ಸಂಸ್ಕರಿಸದ ರಸದ ಮೇಲೆ ಎಚ್ಚರಿಕೆಯ ಚೀಟಿ ಕಡ್ಡಾಯವಾಯಿತು. ವಿಸ್ಕಿ ಬೀಳುತ್ತದಲ್ಲ, ಕ್ರಿಮಿ ಸಾಯುತ್ತವೆ ಎಂದು ನಂಬಬೇಡಿ. ಕಾಕ್‌ಟೇಲ್‌ನ ಮದ್ಯಾಂಶಕ್ಕೆ ಆ ಶಕ್ತಿ ಇಲ್ಲ. ಕಚ್ಚಾ ಸೈಡರನ್ನೇ ತಂದಿದ್ದರೆ ಮಕ್ಕಳಿಗೆ, ವಯಸ್ಸಾದವರಿಗೆ, ಗರ್ಭಿಣಿಯರಿಗೆ ಕುದಿಸಿಯೇ ಕೊಡಿ. ನಾನು ಯುವಿ ಸಂಸ್ಕರಿಸಿದ್ದನ್ನು ಇಷ್ಟಪಡುತ್ತೇನೆ. ಶಾಖ ತಾಗದ ಕಾರಣ ತಾಜಾ ಹಣ್ಣಿನ ವಾಸನೆ ಉಳಿದಿರುತ್ತದೆ. ಆದರೆ ಫ್ರಿಜ್‌ನಲ್ಲಿಟ್ಟರೂ ಅದು ಬೇಗ ಹುದುಗು ಹಿಡಿಯುತ್ತದೆ. ಕ್ಯಾನ್ ಉಬ್ಬಿದ್ದರೆ ಹುದುಗು ಶುರುವಾಗಿದೆ ಎಂದೇ ಅರ್ಥ. ಊಟಕ್ಕೆ ಎರಡು ಮೂರು ದಿನ ಮುಂಚೆ ತಂದರೆ ಸಾಕು.

ಈಗ ಬತ್ತಿಸುವ ಕೆಲಸ. ಬಾಸ್ಟನ್ ಸೇರಿದ ನ್ಯೂ ಇಂಗ್ಲೆಂಡ್ ಸೀಮೆಯ ಹಳ್ಳಿಮನೆಗಳಲ್ಲಿ ಇದು ಹಳೆಯ ರೂಢಿ. ಸಕ್ಕರೆ ದುಬಾರಿಯಾಗಿದ್ದ ಕಾಲದಲ್ಲಿ ಸೈಡರನ್ನೇ ಗಟ್ಟಿಯಾಗುವವರೆಗೆ ಕಾಯಿಸಿ ಚಳಿಗಾಲಕ್ಕೆ ತೆಗೆದಿಡುತ್ತಿದ್ದರು, ಪೈ ಮಾಡಲು ಬಳಸುತ್ತಿದ್ದರು. ನಮ್ಮ ಆಲೆಮನೆಯಲ್ಲಿ ಕಬ್ಬಿನ ಹಾಲು ಕೊಪ್ಪರಿಗೆಯಲ್ಲಿ ಬತ್ತಿ ಜೋನಿಬೆಲ್ಲ ಆಗುವುದನ್ನು ನೋಡಿದವರಿಗೆ ಈ ಕೆಲಸ ಹೇಳಿಕೊಡಬೇಕಿಲ್ಲ. ವ್ಯತ್ಯಾಸ ಒಂದೇ: ಸೇಬಿನಲ್ಲಿ ಸಿಹಿಯ ಜೊತೆಗೆ ಹುಳಿಯೂ ಗಟ್ಟಿಯಾಗುತ್ತಾ ಹೋಗುತ್ತದೆ. ಜೇನಿಗಿಂತ ಇದು ಮೇಲಾಗುವುದು ಅದಕ್ಕೇ. ಒಂದು ಚಮಚ ಹಾಕಿದರೆ ಸಿಹಿ, ಹುಳಿ, ಹಣ್ಣು ಮೂರೂ ಒಟ್ಟಿಗೆ ಬರುತ್ತವೆ.

ಕ್ಯಾನನ್ನು ಚೆನ್ನಾಗಿ ಅಲುಗಾಡಿಸಿ, ತಳದ ಗಸಿಯೂ ಸೇರುವಂತೆ 1 ಲೀಟರ್ ಸೈಡರ್ ಅಳೆದುಕೊಳ್ಳಿ. ಅಗಲ ಬಾಯಿಯ ಸ್ಟೀಲ್ ಪಾತ್ರೆ ಬೇಕು. ಕಬ್ಬಿಣ, ಅಲ್ಯೂಮಿನಿಯಂ ಬೇಡ, ಹುಳಿಗೆ ಲೋಹದ ರುಚಿ ಬಿಡುತ್ತವೆ. ಪಾತ್ರೆಗೆ ಮೊದಲು 250 ಮಿಲಿ ನೀರು ಹಾಕಿ, ಒಂದು ಮರದ ಚಮಚವನ್ನು ನೆಟ್ಟಗೆ ಇಳಿಸಿ, ಒದ್ದೆಯಾದ ಮಟ್ಟಕ್ಕೆ ಪೆನ್ಸಿಲ್ ಗುರುತು ಹಾಕಿಟ್ಟುಕೊಳ್ಳಿ. ನೀರು ಚೆಲ್ಲಿ ಸೈಡರ್ ಸುರಿಯಿರಿ. ಕುದಿ ಬಂದ ಕೂಡಲೇ ಕಂದು ನೊರೆ ದಪ್ಪಗೆ ಏಳುತ್ತದೆ. ಅದನ್ನು ಸೌಟಿನಲ್ಲಿ ತೆಗೆದುಹಾಕಿ, ಇಲ್ಲವಾದರೆ ಮಣ್ಣಿನ ವಾಸನೆ ಉಳಿದುಬಿಡುತ್ತದೆ. ಆಮೇಲೆ ಮಧ್ಯಮ ಉರಿಯಲ್ಲಿ ಮುಚ್ಚಳ ಹಾಕದೆ ಬಿಡಿ. ಮೊದಲ ಇಪ್ಪತ್ತು ನಿಮಿಷ ಅಲ್ಲೇ ನಿಂತು ನೋಡುವ ಅಗತ್ಯವಿಲ್ಲ. ಕೊನೆಯ ಹತ್ತು ನಿಮಿಷ ಒಲೆ ಬಿಟ್ಟು ಕದಲಬೇಡಿ. ದೊಡ್ಡ ದೊಡ್ಡ ಗುಳ್ಳೆಗಳು ಚಿಕ್ಕದಾಗಿ, ಒತ್ತೊತ್ತಾಗಿ, ಮಿರುಗುತ್ತಾ ಏಳತೊಡಗುತ್ತವೆ. ಮಣ್ಣು ಬಣ್ಣದ ರಸ ಕೆಂಪುಗಂದಾಗಿ ತಿರುಗುತ್ತದೆ. ಮನೆ ತುಂಬಾ ಬೆಂದ ಸೇಬಿನ ಘಮ. ಚಮಚದ ಗುರುತಿನವರೆಗೆ ಇಳಿದಾಗ ಒಲೆ ಆರಿಸಿ. ಬಿಸಿಯಲ್ಲಿ ಇನ್ನೂ ತೆಳುವಾಗಿದೆ ಅನ್ನಿಸುತ್ತದೆ. ಆ ಮಾತು ಕೇಳಿ ಮತ್ತೆ ಕಾಯಿಸಬೇಡಿ. ಸೇಬಿನಲ್ಲಿ ಪೆಕ್ಟಿನ್ ಧಾರಾಳವಾಗಿರುವುದರಿಂದ ಹೆಚ್ಚು ಬತ್ತಿದರೆ ಫ್ರಿಜ್‌ನಲ್ಲಿ ಜೆಲ್ಲಿ ಕಟ್ಟುತ್ತದೆ, ಆಮೇಲೆ ತಣ್ಣನೆಯ ವಿಸ್ಕಿಯಲ್ಲಿ ಕರಗುವುದಿಲ್ಲ. ನಾಲ್ಕು ಪಾಲು ಒಂದು ಪಾಲಾದರೆ ಸಾಕು, ಎಳೆ ಪಾಕ ಬರಬೇಕಿಲ್ಲ. ಆರಿದ ಮೇಲೆ ಗಾಜಿನ ಸೀಸೆಗೆ ತುಂಬಿ ಫ್ರಿಜ್‌ನಲ್ಲಿಟ್ಟರೆ ಎರಡು ಮೂರು ವಾರ ಕೆಡುವುದಿಲ್ಲ.

ಹಾಗಾದರೆ ಪೂರ್ತಿ ಬತ್ತಿಸಿದ್ದನ್ನೇ ಹಾಕಿ, ತಾಜಾ ಸೈಡರ್ ಬಿಟ್ಟುಬಿಡಬಹುದಲ್ಲ ಎಂದು ಕೆಲವರು ಕೇಳುತ್ತಾರೆ. ಬೇಡ. ತಾಜಾ ಸೇಬಿನ ಹಗುರ ಪರಿಮಳವೆಲ್ಲ ಕುದಿಯುವಾಗ ಆವಿಯ ಜೊತೆ ಹೋಗಿರುತ್ತದೆ, ಉಳಿಯುವುದು ಬೆಂದ ಹಣ್ಣಿನ ಗಾಢ ರುಚಿ. ಲೋಟದಲ್ಲಿ ಎರಡೂ ಇರಬೇಕು.

ವಿಸ್ಕಿಗೆ ಬರೋಣ. ಬರ್ಬನ್ ಎಂದು ಕರೆಸಿಕೊಳ್ಳಲು ಧಾನ್ಯದಲ್ಲಿ ಕನಿಷ್ಠ ಶೇ. 51 ಮೆಕ್ಕೆಜೋಳ ಇರಬೇಕು, ಒಳಮೈ ಸುಟ್ಟ ಹೊಸ ಓಕ್ ಪೀಪಾಯಿಯಲ್ಲಿ ಅದು ಮಾಗಬೇಕು. ಜೋಳದಿಂದ ಸಿಹಿಯ ಭಾಸ, ಸುಟ್ಟ ಮರದಿಂದ ವೆನಿಲ್ಲಾ ಮತ್ತು ಕ್ಯಾರಮೆಲ್ ವಾಸನೆ. ಸೈಡರ್ ಮೊದಲೇ ಸಿಹಿ, ಅದರ ಮೇಲೆ ಸಿಹಿ ಸ್ವಭಾವದ ಬರ್ಬನ್ ಬಿದ್ದರೆ ರುಚಿ ಚಪ್ಪಟೆಯಾಗುತ್ತದೆ. ಅದರಲ್ಲೂ ಗೋಧಿ ಹಾಕಿ ಮಾಡಿದ ಮೆದು ಬರ್ಬನ್‌ಗಳು ಸೈಡರ್‌ನಲ್ಲಿ ಕಾಣೆಯೇ ಆಗಿಬಿಡುತ್ತವೆ. ಅವನ್ನು ಹಾಗೇ ಕುಡಿಯಲು ಇಟ್ಟುಕೊಳ್ಳಿ. ನನ್ನ ಆಯ್ಕೆ ರೈ ವಿಸ್ಕಿ. ಶೇ. 51ಕ್ಕಿಂತ ಕಡಿಮೆ ಇಲ್ಲದಂತೆ ರೈ ಧಾನ್ಯ ಹಾಕಿ ಮಾಡುವ ಇದರಲ್ಲಿ ಮೆಣಸಿನ ಖಾರ, ಒಣಹುಲ್ಲಿನ ಘಾಟು, ಸ್ವಲ್ಪ ಒಗರು ಇರುತ್ತವೆ. ಸೇಬಿನ ಸಿಹಿಯನ್ನು ಹಿಡಿದು ನಿಲ್ಲಿಸುವುದು ಈ ಖಾರವೇ.

ಬಾಟಲಿಯ ಮೇಲೆ ಬಾಟಲ್ಡ್ ಇನ್ ಬಾಂಡ್ ಎಂದು ಬರೆದಿದೆಯೇ ನೋಡಿ. ಕಲಬೆರಕೆ ತಡೆಯಲು ಅಮೆರಿಕ 1897ರಲ್ಲಿ ತಂದ ಕಾಯ್ದೆಯ ಗುರುತು ಅದು. ಒಂದೇ ಡಿಸ್ಟಿಲರಿಯಲ್ಲಿ ಒಂದೇ ಹಂಗಾಮಿನಲ್ಲಿ ಇಳಿಸಿದ್ದು, ಕನಿಷ್ಠ ನಾಲ್ಕು ವರ್ಷ ಮಾಗಿದ್ದು, ಸರಿಯಾಗಿ ಶೇ. 50 ಮದ್ಯಾಂಶ ಇರುವುದು. ಸೈಡರ್, ನಿಂಬೆರಸ, ಕರಗುವ ಐಸು ಎಲ್ಲ ಸೇರಿ ತೆಳುವಾಗಿಸುವ ಲೋಟದಲ್ಲಿ ಶೇ. 40ರ ವಿಸ್ಕಿಗಿಂತ ಶೇ. 50ರದ್ದು ಕಡಿಮೆ ಹಾಕಿದರೂ ಎದ್ದು ಕಾಣುತ್ತದೆ. ರಿಟನ್‌ಹೌಸ್ ರೈ ನಿಮ್ಮ ಕಡೆ ಹುಡುಕಿದರೆ ಸಿಗುತ್ತದೆ. ಬರ್ಬನ್ನೇ ಬೇಕು ಎಂದಿದ್ದರೆ ರೈ ಪಾಲು ಹೆಚ್ಚಿರುವ ಓಲ್ಡ್ ಗ್ರ್ಯಾಂಡ್ ಡ್ಯಾಡ್ ಬಾಂಡೆಡ್, ಅಥವಾ ಶೇ. 50.5ರ ವೈಲ್ಡ್ ಟರ್ಕಿ 101. ಇದಕ್ಕಿಂತ ಹೆಚ್ಚು ದುಡ್ಡು ಕೊಟ್ಟು ತಂದದ್ದನ್ನು ಸೈಡರ್‌ಗೆ ಹಾಕುವುದು ಬೇಡ. ದಾಲ್ಚಿನ್ನಿ ಸುವಾಸನೆ ಸೇರಿಸಿದ ವಿಸ್ಕಿಯಂತೂ ಹತ್ತಿರವೂ ಬೇಡ, ಅದರಲ್ಲಿ ಮದ್ಯಾಂಶ ಕಡಿಮೆ, ಸಕ್ಕರೆ ಜಾಸ್ತಿ. ಸ್ಕಾಟ್ಲೆಂಡಿನ ಐಲಾ ದ್ವೀಪದ ಹೊಗೆ ವಾಸನೆಯ ಸ್ಕಾಚ್ ಇದ್ದರೆ ಒಂದು ಟೀ ಚಮಚ ಮೇಲೆ ತೇಲಿಬಿಡಬಹುದು, ಎಲೆ ಸುಟ್ಟ ವಾಸನೆ ಬರುತ್ತದೆ. ಅದಕ್ಕಿಂತ ಹೆಚ್ಚಾದರೆ ಸೇಬು ಮುಳುಗುತ್ತದೆ.

ಒಂದು ಲೋಟಕ್ಕೆ ಅಳತೆ ಹೀಗೆ: ಶೇ. 50ರ ರೈ ವಿಸ್ಕಿ 50 ಮಿಲಿ, ತಾಜಾ ಸೈಡರ್ 60 ಮಿಲಿ, ಬತ್ತಿಸಿದ ಸೈಡರ್ 15 ಮಿಲಿ, ಆಗಷ್ಟೇ ಹಿಂಡಿದ ನಿಂಬೆರಸ 15 ಮಿಲಿ, ಅಂಗೋಸ್ತುರಾ ಬಿಟರ್ಸ್ (ಹನಿ ಲೆಕ್ಕದಲ್ಲಿ ಹಾಕುವ ಕಹಿ ಮದ್ಯಸಾರ) ಎರಡು ಚಿಮುಕು.

ನಿಂಬೆ ಅಲ್ಲಿನ ದೊಡ್ಡ ಹಳದಿ ಲೆಮನ್ ಆಗಲಿ. ನಮ್ಮ ಸಣ್ಣ ನಿಂಬೆಹಣ್ಣಿನ ಅಥವಾ ಹಸಿರು ಲೈಮ್‌ನ ಪರಿಮಳ ತೀಕ್ಷ್ಣ, ಸೇಬನ್ನು ಹಿಂದಕ್ಕೆ ತಳ್ಳುತ್ತದೆ. ಶೇಕರ್ ಇಲ್ಲವೆಂದರೆ ಬಿಗಿ ಮುಚ್ಚಳದ ಗಾಜಿನ ಜಾರ್ ಸಾಕು. ಎಲ್ಲ ಹಾಕಿ, ಜಾರ್ ತುಂಬಾ ಐಸು ಸುರಿದು, ಹನ್ನೆರಡರಿಂದ ಹದಿನೈದು ಸೆಕೆಂಡು ಜೋರಾಗಿ ಕುಲುಕಿ. ಬರೀ ಮದ್ಯಗಳ ಕಾಕ್‌ಟೇಲ್ ಆಗಿದ್ದರೆ ಕಲಕಿದರೆ ಸಾಕಿತ್ತು. ಹಣ್ಣಿನ ರಸ ಇರುವುದನ್ನು ಕುಲುಕಲೇಬೇಕು, ಆಗಲೇ ರಸ, ವಿಸ್ಕಿ ಒಂದಾಗಿ ಬೆರೆಯುವುದು. ಸೋಸಿ ಹೊಸ ಐಸಿನ ಮೇಲೆ ಸುರಿದಾಗ ಮೇಲೆ ಬೆರಳ ದಪ್ಪದ ನೊರೆ ನಿಲ್ಲುತ್ತದೆ. ಅದು ಸೈಡರ್‌ನ ಪೆಕ್ಟಿನ್ ಕೆಲಸ. ಅನೇಕ ವಿಸ್ಕಿ ಸಾರ್‌ಗಳಲ್ಲಿ (ವಿಸ್ಕಿಗೆ ನಿಂಬೆರಸ ಸೇರಿಸುವ ಹುಳಿ ಕಾಕ್‌ಟೇಲ್) ನೊರೆಗಾಗಿ ಹಾಕುವ ಮೊಟ್ಟೆಯ ಬಿಳಿ ಇಲ್ಲಿ ಬೇಕಾಗುವುದಿಲ್ಲ, ಸಸ್ಯಾಹಾರಿ ಗೆಳೆಯರಿಗೆ ನಿಶ್ಚಿಂತೆಯಿಂದ ಕೊಡಿ. ಮೇಲೆ ಜಾಯಿಕಾಯಿಯನ್ನು ಸ್ವಲ್ಪವೇ ತುರಿಯಿರಿ.

ಚಕ್ಕೆಪುಡಿ ಮಾತ್ರ ಬೇಡ. ಅದು ನೀರಿನಲ್ಲಿ ಕರಗುವುದಿಲ್ಲ. ಮೊದಲು ಮೇಲೆ ತೇಲುತ್ತದೆ, ಆಮೇಲೆ ಲೋಳೆಯಾಗಿ ತಳಕ್ಕಿಳಿದು ಕೊನೆಯ ಗುಟುಕನ್ನು ಹಾಳು ಮಾಡುತ್ತದೆ. ಚಕ್ಕೆಯ ವಾಸನೆ ಬೇಕೆಂದರೆ ಸೈಡರ್ ಬತ್ತಿಸುವಾಗ ಕೊನೆಯ ಹತ್ತು ನಿಮಿಷ ಒಂದು ತುಂಡು ಹಾಕಿ ತೆಗೆದುಬಿಡಿ. ಲೋಟದ ಅಂಚಿಗೆ ಸಕ್ಕರೆ-ಚಕ್ಕೆ ಮೆತ್ತುವ ರೂಢಿಯೂ ಇದೆ. ಇಷ್ಟೆಲ್ಲ ಶ್ರಮಪಟ್ಟು ಸಿಹಿ ಇಳಿಸಿದ ಮೇಲೆ ತುಟಿಗೆ ಮತ್ತೆ ಸಕ್ಕರೆ ಅಂಟಿಸುವುದರಲ್ಲಿ ಅರ್ಥ ಕಾಣುವುದಿಲ್ಲ.

ಬಿಟರ್ಸ್ ಎರಡು ಚಿಮುಕು ಇಲ್ಲದಿದ್ದರೆ ಏನಾಗುತ್ತದೆ ಎಂದು ತಳ್ಳಿಹಾಕಬೇಡಿ. ಅದರ ಕಾರಣಕ್ಕೆ ಸ್ವಲ್ಪ ಇತಿಹಾಸ ಹೇಳಬೇಕು. ಸೈಡರ್‌ಗೆ ವಿಸ್ಕಿ ಬೆರೆಸುವುದು ನಿಮ್ಮ ಸೀಮೆಯಲ್ಲಿ ಬಹಳ ಹಿಂದಿನಿಂದ ಬಂದದ್ದು. ಹೆಸರು ಸ್ಟೋನ್ ಫೆನ್ಸ್. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ, 1775ರ ಮೇ 10ರಂದು ಈಥನ್ ಆ್ಯಲನ್ ಮತ್ತು ಅವನ ಗ್ರೀನ್ ಮೌಂಟನ್ ಬಾಯ್ಸ್ ಪಡೆ ಬ್ರಿಟಿಷರ ಟಿಕಾಂಡರೋಗ ಕೋಟೆ ಹಿಡಿದರಲ್ಲ, ಅದಕ್ಕೆ ಮುಂಚೆ ವರ್ಮಾಂಟ್‌ನ ಬೆನಿಂಗ್ಟನ್‌ನ ಪಡಖಾನೆಯಲ್ಲಿ ಕುಡಿದದ್ದು ಇದನ್ನೇ ಎಂದು ಜನ ಹೇಳಿಕೊಂಡು ಬಂದಿದ್ದಾರೆ. ಆಗ ಅದಕ್ಕೆ ಬೀಳುತ್ತಿದ್ದದ್ದು ರಮ್. ಕೆರಿಬಿಯನ್ ದ್ವೀಪಗಳ ಕಾಕಂಬಿ ಬಾಸ್ಟನ್ ಬಂದರಿಗೆ ಬಂದು, ಅಲ್ಲೂ ಪಕ್ಕದ ಮೆಡ್‌ಫರ್ಡ್‌ನಲ್ಲೂ ರಮ್ ಆಗುತ್ತಿತ್ತು. ಸ್ವಾತಂತ್ರ್ಯದ ನಂತರ ಬ್ರಿಟಿಷ್ ದ್ವೀಪಗಳ ವ್ಯಾಪಾರ ಕೈತಪ್ಪಿ, ಒಳನಾಡಿನಲ್ಲಿ ಧಾನ್ಯದ ವಿಸ್ಕಿ ಬೆಳೆದಂತೆ ಲೋಟದೊಳಗಿನ ಮದ್ಯವೂ ಬದಲಾಯಿತು. 1862ರಲ್ಲಿ ಜೆರ್ರಿ ಥಾಮಸ್ ಎಂಬ ಹೆಸರಾಂತ ಬಾರ್‌ಟೆಂಡರ್ ಪ್ರಕಟಿಸಿದ ಪಾಕಪುಸ್ತಕದಲ್ಲಿ ಸ್ಟೋನ್ ಫೆನ್ಸ್ ಎಂದರೆ ಒಂದು ವೈನ್ ಗ್ಲಾಸ್ ಬರ್ಬನ್, ಎರಡು ಮೂರು ತುಂಡು ಐಸು, ಮೇಲೆ ಲೋಟ ತುಂಬುವಷ್ಟು ಸಿಹಿ ಸೈಡರ್. ಅಷ್ಟೇ. ನಿಂಬೆ ಇಲ್ಲ, ಬಿಟರ್ಸ್ ಇಲ್ಲ.

ಅವರಿಗೆ ಅಷ್ಟು ಸಾಕಾಗಿದ್ದು ನಮಗೆ ಸಾಲುವುದಿಲ್ಲ, ಯಾಕೆಂದರೆ ಹಣ್ಣು ಬದಲಾಗಿದೆ. ಅಂದಿನ ತೋಟಗಳಲ್ಲಿ ತಿನ್ನುವ ಸೇಬಿಗಿಂತ ಹಿಂಡುವ ಸೇಬೇ ಮುಖ್ಯವಾಗಿತ್ತು. ಬಾಯಿಗಿಟ್ಟರೆ ನಾಲಿಗೆ ಹಿಡಿಯುವಷ್ಟು ಒಗರು ಇರುವ ಹಣ್ಣುಗಳೂ ಅದರಲ್ಲಿ ಸೇರುತ್ತಿದ್ದವು. 1920ರಿಂದ 1933ರವರೆಗಿನ ಪಾನನಿಷೇಧದ ಹೊತ್ತಿಗೆ ಅಂಥ ತೋಟಗಳಿಗೆ ಬೆಲೆ ಇಲ್ಲದಂತಾಗಿತ್ತು. ಈಗ ಗಾಣಕ್ಕೆ ಹೋಗುವುದು ಬಹುಪಾಲು ತಿನ್ನುವ ಜಾತಿಯ ಹಣ್ಣು. ಸಿಹಿ ಇದೆ, ಒಗರು ಹೊರಟುಹೋಗಿದೆ. ಆ ಖಾಲಿ ಜಾಗವನ್ನು ನಾವು ಬೇರೆ ಕಡೆಯಿಂದ ತುಂಬಬೇಕು. ರೈ ವಿಸ್ಕಿಯ ಓಕ್ ಒಂದಷ್ಟು ತುಂಬುತ್ತದೆ, ಬಿಟರ್ಸ್‌ನ ಕಹಿ ಇನ್ನೊಂದಷ್ಟು.

ಹನ್ನೆರಡು ಜನಕ್ಕೆ ಒಂದೊಂದೇ ಲೋಟ ಕುಲುಕುತ್ತಾ ನಿಂತರೆ ನಿಮಗೆ ಊಟಕ್ಕೆ ಕೂರಲು ಆಗುವುದಿಲ್ಲ. ನಿಮ್ಮ ಒಂದು ಗ್ಯಾಲನ್ ಎಂದರೆ 3.78 ಲೀಟರ್. ಅದನ್ನು ಹೀಗೆ ಹಂಚಿ: 1 ಲೀಟರ್ ಬತ್ತಿಸಲು, ಇನ್ನೊಂದು ಲೀಟರ್ ಕುಡಿಯುವ ಎಂಟು ಜನರಿಗೆ ಎರಡು ಸುತ್ತಿಗೆ, 400 ಮಿಲಿ ಕುಡಿಯದ ನಾಲ್ವರ ಲೋಟಕ್ಕೆ, ಉಳಿದ ಸುಮಾರು 1.4 ಲೀಟರ್ ಬಿಸಿ ಪಾತ್ರೆಗೆ. ಎಂಟು ಲೋಟದ ಒಂದು ಸುತ್ತಿಗೆ ವಿಸ್ಕಿ 400 ಮಿಲಿ, ತಾಜಾ ಸೈಡರ್ 480, ಬತ್ತಿಸಿದ್ದು 120, ನಿಂಬೆರಸ 120, ಬಿಟರ್ಸ್ ಎರಡು ಟೀ ಚಮಚ. ನಿಂಬೆ ಮೂರು ನಾಲ್ಕು ಹಣ್ಣು ಬೇಕಾದೀತು. ಕುಲುಕುವಾಗ ಕರಗುವ ಐಸಿನ ನೀರು ಇಲ್ಲಿ ಇರುವುದಿಲ್ಲವಾದ್ದರಿಂದ 150 ಮಿಲಿ ತಣ್ಣೀರನ್ನು ನೀವೇ ಸೇರಿಸಿ. ವಿಸ್ಕಿ ಮತ್ತು ಎರಡು ಥರದ ಸೈಡರ್ ಹಿಂದಿನ ರಾತ್ರಿಯೇ ಬೆರೆಸಿ ಬಾಟಲಿಗೆ ತುಂಬಿ ಫ್ರಿಜ್‌ನಲ್ಲಿಡಿ. ನಿಂಬೆರಸ ಮಾತ್ರ ಅವತ್ತೇ, ಜನ ಬರುವ ಒಂದೆರಡು ಗಂಟೆ ಮುಂಚೆ. ರಾತ್ರಿಯೆಲ್ಲ ಇಟ್ಟ ನಿಂಬೆರಸಕ್ಕೆ ಹಳಸಲು ಕಹಿ ಬರುತ್ತದೆ. ಸುರಿಯುವ ಮುಂಚೆ ಬಾಟಲಿ ಜೋರಾಗಿ ಅಲುಗಾಡಿಸಿ, ಗಸಿ ತಳ ಹಿಡಿದಿರುತ್ತದೆ. 750 ಮಿಲಿಯ ಒಂದು ಬಾಟಲಿ ವಿಸ್ಕಿಯಲ್ಲಿ 15 ಲೋಟ ಆಗುತ್ತದೆ, ಎಂಟು ಜನರ ಎರಡು ಸುತ್ತಿಗೆ ಒಂದೇ ಒಂದು ಲೋಟ ಕಡಿಮೆ ಬೀಳುತ್ತದೆ.

ಒಂದು ಎಚ್ಚರಿಕೆ. ಐಸು ಕರಗಿದ ಮೇಲೆ ಈ ಲೋಟದಲ್ಲಿ ಮದ್ಯಾಂಶ ಸುಮಾರು ಶೇ. 14. ಕುಡಿಯಲು ಅಷ್ಟಿದೆ ಅನ್ನಿಸುವುದೇ ಇಲ್ಲ. ಅಮೆರಿಕದ ಲೆಕ್ಕದಲ್ಲಿ ಒಂದು ಪಾನ ಎಂದರೆ 14 ಗ್ರಾಂ, ಅಂದರೆ ಸುಮಾರು 18 ಮಿಲಿ ಶುದ್ಧ ಆಲ್ಕೋಹಾಲ್. ನಮ್ಮ ಲೋಟದಲ್ಲಿರುವುದು 25 ಮಿಲಿ, ಹೆಚ್ಚುಕಡಿಮೆ ಒಂದೂವರೆ ಪಾನ. ಎರಡು ಲೋಟ ಕುಡಿದವರು ಮೂರು ಪಾನ ಕುಡಿದಂತೆ. ಕಾರು ಓಡಿಸಿ ಮನೆಗೆ ಹೋಗಬೇಕಾದವರಿಗೆ ಈ ಲೆಕ್ಕವನ್ನು ಮೊದಲೇ ಹೇಳಿಬಿಡಿ.

ಬಿಸಿಯೋ ತಣ್ಣಗೋ ಎಂದು ಕೇಳಿದ್ದಿರಿ. ಊಟಕ್ಕೆ ಮುಂಚೆ ತಣ್ಣಗೆ, ಊಟವಾದ ಮೇಲೆ ಹೊರಗೆ ಚಳಿಯಲ್ಲಿ ಕೂರುವಾಗ ಬಿಸಿ. ಬಿಸಿಗೆ ವಿಧಾನವೇ ಬೇರೆ. ಉಳಿದ 1.4 ಲೀಟರ್ ಸೈಡರ್‌ಗೆ ಎರಡು ತುಂಡು ಚಕ್ಕೆ, ಆರು ಲವಂಗ, ಒಂದು ಚಕ್ರಮೊಗ್ಗು, ನಾಲ್ಕು ಬಿಲ್ಲೆ ಹಸಿಶುಂಠಿ, ಕಿತ್ತಳೆ ಸಿಪ್ಪೆಯ ಒಂದು ಉದ್ದ ಪಟ್ಟಿ ಹಾಕಿ, ಕುದಿಯಲು ಬಿಡದೆ ಸಣ್ಣ ಉರಿಯಲ್ಲಿ ಇಪ್ಪತ್ತು ನಿಮಿಷ ಇಡಿ. ಆಮೇಲೆ ಮಸಾಲೆ ಸೋಸಿಬಿಡಿ. ಲವಂಗವನ್ನು ಸಂಜೆಯೆಲ್ಲ ಪಾತ್ರೆಯಲ್ಲೇ ಬಿಟ್ಟರೆ ನಾಲಿಗೆ ಜೋಮು ಹಿಡಿಯುವಷ್ಟು ಯೂಜಿನಾಲ್ ಬಿಡುತ್ತದೆ, ಹಲ್ಲುನೋವಿಗೆ ಲವಂಗದೆಣ್ಣೆ ಹಚ್ಚುವುದು ಅದರ ಆ ಗುಣಕ್ಕಾಗಿಯೇ. ಏಲಕ್ಕಿ ಹಾಕಬಹುದೇ ಎಂದು ನಮ್ಮವರು ಕೇಳಿಯೇ ಕೇಳುತ್ತಾರೆ. ಒಂದೇ ಒಂದು, ಜಜ್ಜದೆ ಹಾಕಿ. ಎರಡಾದರೆ ಪಾಯಸದ ನೆನಪು ಬಂದು ಸೇಬು ಮರೆತುಹೋಗುತ್ತದೆ.

ಸೋಸಿದ ಸೈಡರನ್ನು ಸ್ಲೋ ಕುಕರ್‌ನಲ್ಲಿ ವಾರ್ಮ್ ಗುಂಡಿ ಒತ್ತಿ ಇಟ್ಟುಬಿಡಿ. ವಿಸ್ಕಿಯನ್ನು ಆ ಪಾತ್ರೆಗೆ ಎಂದೂ ಸುರಿಯಬೇಡಿ. ಆಲ್ಕೋಹಾಲ್ ಕುದಿಯುವುದೇ 78 ಡಿಗ್ರಿ ಸೆಲ್ಸಿಯಸ್‌ನಲ್ಲಿ, ಬಿಸಿ ಪಾತ್ರೆಯಲ್ಲಿ ಗಂಟೆಗಟ್ಟಲೆ ಇದ್ದರೆ ಮುಚ್ಚಳ ತೆಗೆದಾಗಲೆಲ್ಲ ಮೂಗಿಗೆ ಘಾಟು ಹೊಡೆಯುತ್ತದೆ, ವಿಸ್ಕಿಯ ಪರಿಮಳ ಹಾರಿಹೋಗುತ್ತದೆ. ಅದಕ್ಕಿಂತ ದೊಡ್ಡ ಕಾರಣ ನಿಮ್ಮ ಮನೆಯ ಅತಿಥಿಗಳು. ಪಾತ್ರೆಯಲ್ಲಿ ಮದ್ಯ ಇಲ್ಲದಿದ್ದರೆ ಮಕ್ಕಳೂ ಕುಡಿಯದವರೂ ಯಾರನ್ನೂ ಕೇಳದೆ ಸೌಟು ಹಾಕಿಕೊಳ್ಳಬಹುದು. ವಿಸ್ಕಿ ಬೇಕಾದವರು ತಮ್ಮ ಲೋಟಕ್ಕೆ 45 ಮಿಲಿ ಅಳೆದುಕೊಂಡು, ಒಂದು ಟೀ ಚಮಚ ನಿಂಬೆರಸ ಹಿಂಡಿ, ಮೇಲೆ 150 ಮಿಲಿ ಬಿಸಿ ಸೈಡರ್ ಸುರಿದುಕೊಳ್ಳಲಿ. ಬಿಸಿಯಲ್ಲಿ ಮದ್ಯದ ಘಾಟು ಹೆಚ್ಚು ಏಳುವುದರಿಂದ ಇಲ್ಲಿ ಶೇ. 40ರ ಮೆದು ಬರ್ಬನ್ನೇ ಒಳ್ಳೆಯದು. ಮೊದಲು ಬೇಡ ಎಂದ ಗೋಧಿ ಬರ್ಬನ್‌ಗೆ ಇದು ಸರಿಯಾದ ಜಾಗ. ಬತ್ತಿಸಿದ ಸೈಡರ್ ಇದಕ್ಕೆ ಬೇಡ.

ಕುಡಿಯದ ನಾಲ್ವರಿಗೂ ಊಟಕ್ಕೆ ಮುಂಚೆ ಕೈಗೊಂದು ಸರಿಯಾದ ಲೋಟ ಕೊಡಿ. ಜ್ಯೂಸ್ ಕೊಟ್ಟು ಕೂರಿಸುವುದು ಆತಿಥ್ಯವಲ್ಲ. ತಾಜಾ ಸೈಡರ್ 100 ಮಿಲಿ, ಕಡುವಾಗಿ ಮಾಡಿ, ಸೋಸಿ ಆರಿಸಿದ ಹಾಲಿಲ್ಲದ ಚಹಾ 40 ಮಿಲಿ, ನಿಂಬೆರಸ 15 ಮಿಲಿ, ಬತ್ತಿಸಿದ ಸೈಡರ್ ಒಂದು ಟೀ ಚಮಚ, ಎರಡು ಹನಿ ಶುಂಠಿರಸ. ಐಸು ಹಾಕಿ ಕುಲುಕಿ, ಅದೇ ಥರದ ಲೋಟಕ್ಕೆ ಸುರಿದು, ಅದೇ ಜಾಯಿಕಾಯಿ ತುರಿಯಿರಿ. ಓಕ್‌ನಿಂದ ಬರಬೇಕಿದ್ದ ಒಗರು ಇಲ್ಲಿ ಚಹಾದಿಂದ ಬರುತ್ತದೆ. ನೀಲಗಿರಿ ಚಹಾ ಮನೆಯಲ್ಲಿದ್ದರೆ ಅದನ್ನೇ ಹಾಕಿ, ಅದರ ಘಮ ಸೇಬಿಗೆ ಬಹಳ ಚೆನ್ನಾಗಿ ಕೂಡುತ್ತದೆ. ಈ ಲೋಟಕ್ಕೆ ಬಿಟರ್ಸ್ ಹಾಕಬೇಡಿ. ಎರಡು ಹನಿ ತಾನೇ ಅನ್ನಿಸಬಹುದು, ಆದರೆ ಅಂಗೋಸ್ತುರಾದಲ್ಲಿ ಶೇ. 44.7 ಮದ್ಯಾಂಶ ಇದೆ. ವ್ರತಕ್ಕೋ ನಂಬಿಕೆಗೋ ಆರೋಗ್ಯಕ್ಕೋ ಮದ್ಯ ಬಿಟ್ಟವರಿಗೆ ಹೇಳದೆ ಹಾಕುವುದು ತಪ್ಪು.

ಬೆಂಗಳೂರಿನಲ್ಲಿ ಕೂತು ಓದುತ್ತಿರುವವರಿಗೂ ಒಂದು ಮಾತು. ಟೆಟ್ರಾ ಪ್ಯಾಕ್‌ನ ತಿಳಿ ಸೇಬಿನ ಜ್ಯೂಸಿನಿಂದ ಇದು ಆಗುವುದಿಲ್ಲ, ಅದರ ಪೆಕ್ಟಿನ್, ಗಸಿ ಎಲ್ಲ ತೆಗೆದಿರುತ್ತಾರೆ. ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ ಹಿಮಾಚಲ, ಕಾಶ್ಮೀರದ ಹೊಸ ಹಣ್ಣು ಬರುವಾಗ ಮೂರು ಪಾಲು ಕೆಂಪು ಡೆಲಿಷಸ್‌ಗೆ ಒಂದು ಪಾಲು ಹಸಿರು ಗ್ರಾನಿ ಸ್ಮಿತ್ ಸೇರಿಸಿ ಸಿಪ್ಪೆ ಸಮೇತ ಜ್ಯೂಸರ್‌ಗೆ ಹಾಕಿ. ರಸ ಇಳಿದ ತಕ್ಷಣ ನಿಂಬೆ ಹಿಂಡದಿದ್ದರೆ ಕಣ್ಣೆದುರೇ ಕಪ್ಪಾಗುತ್ತದೆ. ದಪ್ಪ ಜರಡಿಯಲ್ಲಿ ಸೋಸಿದರೆ ಸಾಕು, ಬಟ್ಟೆಯಲ್ಲಿ ಬೇಡ. ವಿಸ್ಕಿಗೆ ನಮ್ಮೂರಿನ ಅಮೃತ್ ಸಿಂಗಲ್ ಮಾಲ್ಟ್ ಇದೆಯಲ್ಲ, 2004ರಲ್ಲಿ ಸ್ಕಾಟ್ಲೆಂಡಿನ ಗ್ಲ್ಯಾಸ್ಗೋದಲ್ಲಿ ಮೊದಲು ಮಾರಾಟಕ್ಕೆ ಬಂದದ್ದು, ಶೇ. 46ರ ಸಾದಾ ಬಾಟಲಿ. ಬಾರ್ಲಿಯ ಸಿಹಿ ಜೊತೆಗೆ ಓಕ್‌ನ ಒಗರು ಚೆನ್ನಾಗಿರುವ ವಿಸ್ಕಿ ಅದು. ಬಾಸ್ಟನ್‌ನ ನಿಮ್ಮ ಗೆಳೆಯರು ಯಾರಾದರೂ ಊರಿಂದ ತಂದಿದ್ದರೆ ಒಂದು ಲೋಟ ಅದರಲ್ಲೂ ಮಾಡಿ ನೋಡಿ, ನಿಂಬೆರಸ ಒಂದು ಹನಿ ಹೆಚ್ಚಿರಲಿ. ಅಮೃತ್‌ನದ್ದೇ ಫ್ಯೂಷನ್ ಎಂಬ ಬಾಟಲಿಯಲ್ಲಿ ಹೊಗೆಯ ವಾಸನೆ ಇದೆ, ಅದನ್ನು ಹಾಗೇ ಕುಡಿಯುವುದೇ ಮೇಲು.

ಊಟ ಮುಗಿದ ಮೇಲೂ ಸೈಡರ್ ಉಳಿದರೆ ಕ್ಯಾನ್‌ನಿಂದ ಒಂದು ಕಪ್ ತೆಗೆದು, ಹಿಗ್ಗಲು ಜಾಗ ಬಿಟ್ಟು, ಫ್ರೀಜರ್‌ಗೆ ಹಾಕಿ. ಕರಗಿಸಿದಾಗ ರುಚಿ ಅಷ್ಟೇನೂ ಕೆಡುವುದಿಲ್ಲ. ನವೆಂಬರ್ ಕೊನೆಯ ಥ್ಯಾಂಕ್ಸ್‌ಗಿವಿಂಗ್ ಹಬ್ಬ ಮುಗಿಯುತ್ತಿದ್ದಂತೆ ಬಹಳ ತೋಟಗಳು ಅಂಗಡಿ ಮುಚ್ಚುತ್ತವೆ. ಅದಕ್ಕೆ ಮುಂಚೆ ಇನ್ನೊಂದು ಗ್ಯಾಲನ್ ತಂದು ಪೂರ್ತಿ ಬತ್ತಿಸಿ, ಸಣ್ಣ ಡಬ್ಬಿಗಳಲ್ಲಿ ಫ್ರೀಜ್ ಮಾಡಿಟ್ಟುಕೊಳ್ಳಿ. ಜನವರಿಯಲ್ಲಿ ಹಿಮ ಬೀಳುವಾಗ ಒಂದು ದೊಡ್ಡ ಚಮಚ ಅದು, 45 ಮಿಲಿ ವಿಸ್ಕಿ, ಒಂದು ಹೋಳು ನಿಂಬೆ, ಮೇಲೆ 120 ಮಿಲಿ ಬಿಸಿನೀರು ಹಾಕಿಕೊಂಡರೆ ಬೇರೇನೂ ಬೇಕಾಗುವುದಿಲ್ಲ.